ಓದುಗರ ಪ್ರಶ್ನೆ: ಮ್ಯಾಡಿಸನ್ ನಗರದಲ್ಲಿ ಬಾಳಿದವರು

ಈ ಸಂಚಿಕೆಯಲ್ಲಿ ಉತ್ತರಿಸಿರುವ ಪ್ರಶ್ನೆಗಳೆಲ್ಲ ಅಮೆರಿಕದ ಒಂದೇ ಊರಿಗೆ ಸಂಬಂಧಿಸಿದವು. ಶಿರಸಿಯ ಓದುಗರೊಬ್ಬರ ಪತ್ರ ಹಿಂದಿನ ಸಂಚಿಕೆಯಲ್ಲಿ ಪ್ರಕಟವಾದ ಮೇಲೆ ಜಿಲ್ಲೆಯ ಬೇರೆ ಬೇರೆ ತಾಲೂಕುಗಳಿಂದ ಅದೇ ಊರಿನ ಬಗ್ಗೆ ಪತ್ರಗಳು ಬಂದವು. ಆದ್ದರಿಂದ ಮೂಲ ಪ್ರಶ್ನೆಗೂ ಅದರ ಬೆನ್ನಿಗೆ ಬಂದವುಗಳಿಗೂ ಒಟ್ಟಿಗೆ ಉತ್ತರ ಕೊಡಲಾಗಿದೆ.

ಪ್ರಶ್ನೆ: ನಮ್ಮ ಮಗಳಿಗೆ ವಿಸ್ಕಾನ್ಸಿನ್ ರಾಜ್ಯದ ಮ್ಯಾಡಿಸನ್‌ನಲ್ಲಿ ಜೀವರಸಾಯನ ವಿಜ್ಞಾನದ ಸಂಶೋಧನೆಗೆ ಅವಕಾಶ ಸಿಕ್ಕಿದೆ. ನ್ಯೂಯಾರ್ಕ್, ಷಿಕಾಗೋ ಎಂದರೆ ನಮಗೆ ಗೊತ್ತು. ಈ ಊರಿನ ಹೆಸರನ್ನೇ ಕೇಳಿರಲಿಲ್ಲ. ಅಲ್ಲಿ ಬಾಳಿದ ದೊಡ್ಡವರು ಯಾರಾದರೂ ಇದ್ದಾರೆಯೇ?
(ಒಬ್ಬ ತಾಯಿ, ಶಿರಸಿ)

ಉತ್ತರ: ಇದ್ದಾರೆ, ಅದರಲ್ಲಿಯೂ ನಿಮ್ಮ ಮಗಳು ಆರಿಸಿಕೊಂಡ ವಿಷಯದಲ್ಲಿ ಅಷ್ಟು ದೊಡ್ಡವರು ಬಾಳಿದ ಊರು ಜಗತ್ತಿನಲ್ಲಿಯೇ ಅಪರೂಪ. ಮ್ಯಾಡಿಸನ್ ವಿಸ್ಕಾನ್ಸಿನ್ ರಾಜ್ಯದ ರಾಜಧಾನಿ. ಮೆಂಡೋಟಾ, ಮೊನೋನಾ ಎಂಬ ಎರಡು ಸರೋವರಗಳ ನಡುವಿನ ಕಿರಿದಾದ ನೆಲದ ಮೇಲೆ ಊರಿನ ಹಳೆಯ ಭಾಗವೂ ರಾಜ್ಯದ ಶಾಸನಸಭಾ ಭವನವೂ ಇವೆ. ರಾಜ್ಯ ಹುಟ್ಟಿದ 1848ರಲ್ಲಿಯೇ ವಿಶ್ವವಿದ್ಯಾಲಯವೂ ಹುಟ್ಟಿತು. 2020ರ ಜನಗಣತಿಯಂತೆ ಅಲ್ಲಿನ ಜನಸಂಖ್ಯೆ ಸುಮಾರು 2,70,000. ನಮ್ಮ ಹುಬ್ಬಳ್ಳಿ-ಧಾರವಾಡದ ಮೂರನೆಯ ಒಂದು ಪಾಲೂ ಆಗದು.

ಅಲ್ಲಿ ಬಾಳಿದವರಲ್ಲಿ ಮೊದಲು ಹೇಳಬೇಕಾದ ಹೆಸರು ಹರಗೋವಿಂದ ಖುರಾನಾ ಅವರದು. ಈಗ ಪಾಕಿಸ್ತಾನದಲ್ಲಿರುವ, ಆಗಿನ ಪಂಜಾಬಿನ ರಾಯಪುರವೆಂಬ ಕುಗ್ರಾಮದಲ್ಲಿ ಹುಟ್ಟಿದವರು ಅವರು. ತಂದೆ ಪಟವಾರಿ, ಅಂದರೆ ನಮ್ಮ ಕಡೆ ಶಾನುಭೋಗಿಕೆ ಎನ್ನುತ್ತಿದ್ದ ಕೆಲಸದವರು. ನೂರರಷ್ಟು ಜನರಿದ್ದ ಆ ಹಳ್ಳಿಯಲ್ಲಿ ಓದು ಬರಹ ಬಲ್ಲ ಮನೆ ಹೆಚ್ಚುಕಡಿಮೆ ತಮ್ಮದೊಂದೇ ಆಗಿತ್ತೆಂದು, ಬಡತನವಿದ್ದರೂ ತಂದೆ ಮಕ್ಕಳ ಓದನ್ನು ಬಿಡಿಸಲಿಲ್ಲವೆಂದು ಖುರಾನಾ ಅವರೇ ಬರೆದುಕೊಂಡಿದ್ದಾರೆ. ಲಾಹೋರ್, ಲಿವರ್‌ಪೂಲ್, ಜ್ಯೂರಿಕ್, ಕೇಂಬ್ರಿಜ್, ಕೆನಡಾದ ವ್ಯಾಂಕೂವರ್ ಇವುಗಳನ್ನೆಲ್ಲ ದಾಟಿ 1960ರಲ್ಲಿ ಮ್ಯಾಡಿಸನ್‌ನ ಕಿಣ್ವ ಸಂಶೋಧನಾ ಸಂಸ್ಥೆಗೆ ಬಂದ ಅವರು ಹತ್ತು ವರ್ಷ ಅಲ್ಲಿದ್ದರು. ಅವರ ಬಾಳಿನ ಅತಿ ದೊಡ್ಡ ಕೆಲಸ ನಡೆದದ್ದು ಆ ಹತ್ತು ವರ್ಷಗಳಲ್ಲಿಯೇ.

ಆ ಕೆಲಸವನ್ನು ಸ್ವಲ್ಪ ಬಿಡಿಸಿ ಹೇಳುವುದು ಅಗತ್ಯ, ಏಕೆಂದರೆ ನೊಬೆಲ್ ಬಂತು ಎಂಬ ಒಂದು ಮಾತಿನಲ್ಲಿ ಮುಗಿಸಿದರೆ ಅದರ ಸೊಗಸು ಕಾಣುವುದಿಲ್ಲ. ಜೀವಕೋಶದೊಳಗಿನ ಆರ್‌ಎನ್‌ಎ ಎಂಬ ಸರಪಳಿಯಲ್ಲಿ ನಾಲ್ಕೇ ಬಗೆಯ ಕೊಂಡಿಗಳಿವೆ. ವಿಜ್ಞಾನಿಗಳು ಅವನ್ನು ಯು, ಸಿ, ಎ, ಜಿ ಎಂಬ ನಾಲ್ಕು ಅಕ್ಷರಗಳಿಂದ ಗುರುತಿಸುತ್ತಾರೆ. ಈ ನಾಲ್ಕರಿಂದ ಇಪ್ಪತ್ತು ಬಗೆಯ ಅಮೈನೋ ಆಮ್ಲಗಳನ್ನು ಜೀವಕೋಶ ಹೇಗೆ ಆರಿಸಿ ಪೋಣಿಸಿ ಪ್ರೋಟೀನು ಕಟ್ಟುತ್ತದೆ ಎಂಬುದು ಆಗಿನ ದೊಡ್ಡ ಪ್ರಶ್ನೆಯಾಗಿತ್ತು. ಖುರಾನಾ ಅವರ ತಂಡ ಯಾವ ಅಕ್ಷರದ ಮುಂದೆ ಯಾವುದು ಬರಬೇಕೆಂದು ತಾವೇ ನಿರ್ಧರಿಸಿ ಪ್ರಯೋಗಾಲಯದಲ್ಲಿ ಅಂಥ ಸರಪಳಿಗಳನ್ನು ತಯಾರಿಸಿತು. ಯು-ಸಿ-ಯು-ಸಿ ಎಂದು ಎರಡೇ ಅಕ್ಷರಗಳು ಉದ್ದಕ್ಕೂ ಮರುಕಳಿಸುವ ಸರಪಳಿಯನ್ನು ಒದಗಿಸಿದಾಗ ಹೊರಬಂದ ಪ್ರೋಟೀನಿನಲ್ಲಿ ಸೆರೀನ್, ಲ್ಯೂಸೀನ್ ಎಂಬ ಎರಡು ಆಮ್ಲಗಳು ಒಂದು ಬಿಟ್ಟು ಒಂದರಂತೆ ಬಂದವು. ಅಕ್ಷರಗಳನ್ನು ಎರಡೆರಡಾಗಿ ಓದುವುದಾದರೆ ಹೀಗಾಗುವುದು ಸಾಧ್ಯವಿಲ್ಲ. ಮೂರು ಮೂರಾಗಿ ಓದಿದರೆ ಮಾತ್ರ ಯು-ಸಿ-ಯು ಮತ್ತು ಸಿ-ಯು-ಸಿ ಎಂಬ ಎರಡು ಗುಂಪುಗಳು ಸರದಿಯಂತೆ ಬರುತ್ತವೆ. ಜೀವದ ಲಿಪಿ ಮೂರು ಮೂರು ಅಕ್ಷರಗಳದ್ದೆಂಬುದಕ್ಕೆ ಇದಕ್ಕಿಂತ ನಿಚ್ಚಳವಾದ ಸಾಕ್ಷಿ ಬೇಕಾಗಲಿಲ್ಲ. 1968ರಲ್ಲಿ ಮಾರ್ಷಲ್ ನಿರೆನ್‌ಬರ್ಗ್, ರಾಬರ್ಟ್ ಹಾಲಿ ಅವರೊಂದಿಗೆ ಖುರಾನಾ ಅವರಿಗೆ ನೊಬೆಲ್ ಬಹುಮಾನ ಸಂದಿತು. 1970ರಲ್ಲಿ, ಮ್ಯಾಸಚೂಸೆಟ್ಸ್‌ಗೆ ತೆರಳುವ ಮುನ್ನ, 77 ಜೋಡಿ ಅಕ್ಷರಗಳ ಒಂದು ಇಡೀ ಜೀನನ್ನು ರಾಸಾಯನಿಕಗಳಿಂದಲೇ ಕಟ್ಟಿದ ಸುದ್ದಿಯನ್ನೂ ಅವರು ಮ್ಯಾಡಿಸನ್‌ನಿಂದಲೇ ಪ್ರಕಟಿಸಿದರು.

ಅದೇ 1970ರಲ್ಲಿ, ಅದೇ ಊರಿನಲ್ಲಿ, ಹೊವಾರ್ಡ್ ಟೆಮಿನ್ ಎಂಬ ಇನ್ನೊಬ್ಬ ವಿಜ್ಞಾನಿಯ ಮಾತು ನಿಜವೆಂದು ಸಿದ್ಧವಾಯಿತು. ಡಿಎನ್‌ಎಯಿಂದ ಆರ್‌ಎನ್‌ಎ ಆಗುತ್ತದೆಯೇ ಹೊರತು ಆರ್‌ಎನ್‌ಎಯಿಂದ ಡಿಎನ್‌ಎ ಆಗುವುದಿಲ್ಲವೆಂದು ಎಲ್ಲರೂ ನಂಬಿದ್ದ ಕಾಲದಲ್ಲಿ, ಕೆಲವು ವೈರಸ್‌ಗಳು ಹಿಮ್ಮುಖವಾಗಿಯೂ ಬರೆಯಬಲ್ಲವು ಎಂದು ಅವರು ವರ್ಷಗಟ್ಟಲೆ ಹೇಳುತ್ತಲೇ ಇದ್ದರು. ಒಪ್ಪಿದವರು ತೀರ ಕಡಿಮೆ. ಕೊನೆಗೆ ಸಹೋದ್ಯೋಗಿ ಸತೋಶಿ ಮಿಜುತಾನಿ ಅವರ ಜೊತೆಗೂಡಿ ಆ ಕೆಲಸ ಮಾಡುವ ಕಿಣ್ವವನ್ನೇ ತೋರಿಸಿದರು. ಡೇವಿಡ್ ಬಾಲ್ಟಿಮೋರ್ ಬೇರೆಯಾಗಿ ಅದೇ ಕಿಣ್ವವನ್ನು ಕಂಡಿದ್ದರಿಂದ, ರೆನಾಟೊ ಡಲ್ಬೆಕೊ ಅವರನ್ನೂ ಸೇರಿಸಿ, 1975ರ ನೊಬೆಲ್ ಮೂವರಿಗೆ ಹಂಚಿಹೋಯಿತು. ಕೊರೋನಾ ಕಾಲದಲ್ಲಿ ಕಾರವಾರದಲ್ಲಿಯೂ ಶಿರಸಿಯಲ್ಲಿಯೂ ಮೂಗಿನ ದ್ರವ ತೆಗೆದುಕೊಂಡು ಮಾಡಿಸಿದ ಆರ್‌ಟಿ-ಪಿಸಿಆರ್ ಪರೀಕ್ಷೆಯ ಮೊದಲ ಹೆಜ್ಜೆ ಈ ಕಿಣ್ವದ್ದೇ: ವೈರಸ್ಸಿನ ಆರ್‌ಎನ್‌ಎಯನ್ನು ಅದು ಡಿಎನ್‌ಎಯಾಗಿ ನಕಲು ಮಾಡಿಕೊಟ್ಟ ಮೇಲೆಯೇ ಉಳಿದ ಪರೀಕ್ಷೆ ನಡೆಯುತ್ತದೆ. ಬಹುಮಾನ ಪಡೆಯುವ ಸಮಾರಂಭದಲ್ಲಿಯೇ ಧೂಮಪಾನದ ವಿರುದ್ಧ ಮಾತಾಡಿದ ಟೆಮಿನ್, ಎಂದೂ ಬೀಡಿ ಸಿಗರೇಟು ಮುಟ್ಟದೆ ಇದ್ದರೂ 1994ರಲ್ಲಿ ಶ್ವಾಸಕೋಶದ ಕ್ಯಾನ್ಸರಿನಿಂದ ತೀರಿಕೊಂಡರು. ಮೆಂಡೋಟಾ ಸರೋವರದ ದಂಡೆಯ ಮೇಲಿನ ಕಾಲುದಾರಿಗೆ ಅವರ ಹೆಸರಿಟ್ಟಿದ್ದಾರೆ. ನಿಮ್ಮ ಮಗಳು ಅದರ ಮೇಲೆ ಓಡಾಡುವುದು ಖಂಡಿತ.

ಪ್ರಶ್ನೆ: ವಿಸ್ಕಾನ್ಸಿನ್ ಹೈನುಗಾರಿಕೆಯ ರಾಜ್ಯವೆಂದು ಓದಿದ್ದೇನೆ. ದಿನವೂ ಡೇರಿಗೆ ಹಾಲು ಹಾಕುವ ನಮ್ಮಂಥವರಿಗೆ ಉಪಯೋಗವಾದ ಕೆಲಸ ಮಾಡಿದವರು ಮ್ಯಾಡಿಸನ್‌ನಲ್ಲಿ ಇದ್ದರೇ?
(ಒಬ್ಬ ಕೃಷಿಕರು, ಸಿದ್ದಾಪುರ)

ಉತ್ತರ: ನೊಬೆಲ್ ಬಂದವರಿಗಿಂತ ಇವರ ಬಗ್ಗೆಯೇ ಹೆಚ್ಚು ಹೇಳಬೇಕೆಂದು ನನಗೆ ಅನ್ನಿಸುತ್ತದೆ. ಮ್ಯಾಡಿಸನ್‌ನ ವಿಜ್ಞಾನ ಬೆಳೆದದ್ದೇ ಕೊಟ್ಟಿಗೆಯ ಪಕ್ಕದಲ್ಲಿ.

ಸ್ಟೀಫನ್ ಬ್ಯಾಬ್‌ಕಾಕ್ 1890ರಲ್ಲಿ ಹಾಲಿನ ಕೊಬ್ಬನ್ನು ಅಳೆಯುವ ಸರಳ ವಿಧಾನವೊಂದನ್ನು ಪ್ರಕಟಿಸಿದರು. ಅದಕ್ಕೆ ಮೊದಲು ಹಾಲಿಗೆ ದುಡ್ಡು ಸಿಗುತ್ತಿದ್ದದ್ದು ತೂಕದ ಮೇಲೆ. ನೀರು ಬೆರೆಸಿದವರಿಗೂ ಕೆನೆ ತೆಗೆದವರಿಗೂ ಅದರಿಂದ ಲಾಭ, ಒಳ್ಳೆಯ ಹಾಲು ತಂದವರಿಗೆ ನಷ್ಟ. ಬ್ಯಾಬ್‌ಕಾಕ್ ಮಾಡಿದ್ದು ಇಷ್ಟು: ಉದ್ದ ಕುತ್ತಿಗೆಯ ಸೀಸೆಯಲ್ಲಿ ಅಳತೆಯ ಹಾಲು ಹಾಕಿ, ಅಷ್ಟೇ ಲೆಕ್ಕದ ಗಂಧಕಾಮ್ಲ ಸುರಿದು, ಸೀಸೆಯನ್ನು ಯಂತ್ರದಲ್ಲಿ ಗರಗರನೆ ತಿರುಗಿಸುವುದು. ಆಮ್ಲ ಕೊಬ್ಬೊಂದನ್ನು ಬಿಟ್ಟು ಉಳಿದದ್ದನ್ನೆಲ್ಲ ಕರಗಿಸಿಬಿಡುತ್ತದೆ. ಬಳಿಕ ಬಿಸಿನೀರು ಹಾಕಿದರೆ ಕೊಬ್ಬು ಕುತ್ತಿಗೆಗೆ ಏರಿ ನಿಲ್ಲುತ್ತದೆ, ಅಲ್ಲಿ ಗೀರಿರುವ ಗುರುತುಗಳ ಮೇಲೆ ಎಷ್ಟಿದೆಯೆಂದು ಯಾರು ಬೇಕಾದರೂ ಓದಿಕೊಳ್ಳಬಹುದು. ಈ ವಿಧಾನಕ್ಕೆ ಅವರು ಪೇಟೆಂಟ್ ಪಡೆಯಲಿಲ್ಲ, ಎಲ್ಲರಿಗೂ ಬಿಟ್ಟುಕೊಟ್ಟರು. ನಮ್ಮ ಸಂಘಗಳಲ್ಲಿ ಬಹುಕಾಲ ನಡೆದದ್ದು ಗರ್ಬರ್ ಎಂಬ ಸ್ವಿಸ್ ವಿಜ್ಞಾನಿಯ, ಇದಕ್ಕೆ ಹತ್ತಿರದ ವಿಧಾನ. ಈಗ ಯಂತ್ರವೇ ಫ್ಯಾಟ್ ಎಷ್ಟೆಂದು ಚೀಟಿ ಕೊಡುತ್ತದೆ. ಆದರೆ ಹಾಲಿಗೆ ಅದರ ಸತ್ವ ನೋಡಿ ಬೆಲೆ ಕಟ್ಟುವ ನ್ಯಾಯವನ್ನು ಹಳ್ಳಿಹಳ್ಳಿಗೆ ಮುಟ್ಟಿಸಿದವರಲ್ಲಿ ಬ್ಯಾಬ್‌ಕಾಕ್ ಮೊದಲ ಸಾಲಿನವರು.

ಹಸುವಿಗೆ ಹಾಕುವ ಆಹಾರದ ರಾಸಾಯನಿಕ ಲೆಕ್ಕ ಸರಿಯಾಗಿದ್ದರೆ ಸಾಕು, ಯಾವ ಧಾನ್ಯವಾದರೂ ಒಂದೇ ಎಂಬ ಮಾತನ್ನೂ ಬ್ಯಾಬ್‌ಕಾಕ್ ನಂಬಲಿಲ್ಲ. ಅವರ ಒತ್ತಾಯದ ಫಲವಾಗಿ 1907ರಲ್ಲಿ ಆರಂಭವಾದ ಪ್ರಯೋಗದಲ್ಲಿ ಹದಿನಾರು ಮಣಕಗಳನ್ನು ನಾಲ್ಕು ಗುಂಪು ಮಾಡಿ, ಒಂದಕ್ಕೆ ಜೋಳದ ಗಿಡದಿಂದ ಅಂದರೆ ಮೆಕ್ಕೆಜೋಳದಿಂದ ಬಂದದ್ದನ್ನು ಮಾತ್ರ, ಒಂದಕ್ಕೆ ಗೋಧಿಯದು ಮಾತ್ರ, ಒಂದಕ್ಕೆ ಓಟ್ಸಿನದು ಮಾತ್ರ, ಇನ್ನೊಂದಕ್ಕೆ ಮೂರನ್ನೂ ಬೆರೆಸಿ ತಿನ್ನಿಸಿದರು. ಕಾಗದದ ಲೆಕ್ಕದಲ್ಲಿ ಎಲ್ಲವೂ ಸಮ. ಆದರೆ ಮೆಕ್ಕೆಜೋಳ ತಿಂದವು ಪುಷ್ಟಿಯಾಗಿ ಗಟ್ಟಿ ಕರುಗಳನ್ನು ಹಾಕಿದವು, ಗೋಧಿಯನ್ನಷ್ಟೇ ತಿಂದವು ಸೊರಗಿ ಅವುಗಳ ಕರುಗಳು ಬದುಕಲಿಲ್ಲ. ಲೆಕ್ಕಕ್ಕೆ ಸಿಗದ ಏನೋ ಒಂದು ಆಹಾರದಲ್ಲಿದೆ ಎಂದಾಯಿತು. ಅದನ್ನು ಹುಡುಕುತ್ತ ಹೋದ ಎಲ್ಮರ್ ಮೆಕಾಲಂ ಮತ್ತು ಮಾರ್ಗರೀಟ್ ಡೇವಿಸ್, ಇಲಿಗಳಿಗೆ ಬೆಣ್ಣೆಯ ಕೊಬ್ಬನ್ನು ತಿನ್ನಿಸಿ ನೋಡಿ, 1913ರಲ್ಲಿ ಪ್ರಕಟಿಸಿದ್ದು ಮುಂದೆ ಎ ವಿಟಮಿನ್ ಎಂದು ಹೆಸರಾದ ವಸ್ತುವನ್ನು. ಮಣಕಗಳ ಆ ಪ್ರಯೋಗದಲ್ಲಿ ಕೈಜೋಡಿಸಿದ್ದ ಹ್ಯಾರಿ ಸ್ಟೀನ್‌ಬಾಕ್, ಅತಿನೇರಳೆ ಬೆಳಕು ಬೀರಿದ ಆಹಾರದಲ್ಲಿ ಡಿ ವಿಟಮಿನ್ ಉಂಟಾಗುತ್ತದೆಂದು 1924ರ ಹೊತ್ತಿಗೆ ತೋರಿಸಿದರು. ಮಕ್ಕಳ ಕಾಲು ಬಾಗಿಸುವ ರಿಕೆಟ್ಸ್ ರೋಗಕ್ಕೆ ಅದರಿಂದ ಅಗ್ಗದ ಪರಿಹಾರ ಸಿಕ್ಕಿತು. ಅವರು ಬ್ಯಾಬ್‌ಕಾಕರಂತೆ ಪೇಟೆಂಟನ್ನು ಬಿಟ್ಟುಕೊಡಲಿಲ್ಲ, ಕಂಪನಿಗೂ ಮಾರಲಿಲ್ಲ. ಅದರ ಆದಾಯ ವಿಶ್ವವಿದ್ಯಾಲಯದ ಸಂಶೋಧನೆಗೇ ಹರಿಯುವಂತೆ 1925ರಲ್ಲಿ ಹಳೆಯ ವಿದ್ಯಾರ್ಥಿಗಳ ಪ್ರತಿಷ್ಠಾನವೊಂದು ಏರ್ಪಡಲು ಕಾರಣರಾದರು. ಎರಡು ದಾರಿಗಳೂ ಗೌರವದವೇ. ಆದರೆ ಮುಂದಿನ ತಲೆಮಾರಿನ ಪ್ರಯೋಗಾಲಯಗಳಿಗೆ ದುಡ್ಡು ಒದಗಿಸಿದ್ದು ಎರಡನೆಯದು.

ಇನ್ನು ಕಾರ್ಲ್ ಪಾಲ್ ಲಿಂಕ್. 1933ರ ಫೆಬ್ರುವರಿಯ ಒಂದು ಶನಿವಾರ, ಹಿಮ ಬಿರುಗಾಳಿಯ ನಡುವೆ, ಸುಮಾರು 300 ಕಿಲೋಮೀಟರ್ ದೂರದಿಂದ ರೈತರೊಬ್ಬರು ಟ್ರಕ್ಕಿನಲ್ಲಿ ಸತ್ತ ಮಣಕವೊಂದನ್ನೂ, ಹಾಲಿನ ಕ್ಯಾನಿನ ತುಂಬ ಹೆಪ್ಪುಗಟ್ಟದ ರಕ್ತವನ್ನೂ, ಹಾಳಾದ ಹುಲ್ಲಿನ ಹೊರೆಯನ್ನೂ ಹಾಕಿಕೊಂಡು ಮ್ಯಾಡಿಸನ್‌ಗೆ ಬಂದರು. ಅವರ ದನಗಳು ಸಣ್ಣ ಗಾಯವಾದರೂ ರಕ್ತ ನಿಲ್ಲದೆ ಸಾಯುತ್ತಿದ್ದವು. ಪಶುವೈದ್ಯರ ಕಚೇರಿ ಮುಚ್ಚಿತ್ತು. ಬಾಗಿಲು ತೆರೆದಿದ್ದ ಲಿಂಕ್ ಅವರ ಪ್ರಯೋಗಾಲಯಕ್ಕೆ ಆ ರೈತ ಕಾಲಿಟ್ಟರು. ಬೂಷ್ಟು ಹಿಡಿದ ಸ್ವೀಟ್ ಕ್ಲೋವರ್ ಮೇವನ್ನು ತಿನ್ನಿಸಬೇಡಿ ಎನ್ನುವುದರ ಹೊರತು ಆ ದಿನ ಲಿಂಕ್ ಅವರಿಗೆ ಹೇಳಲು ಹೆಚ್ಚೇನೂ ಇರಲಿಲ್ಲ. ಮಳೆಗಾಲದಲ್ಲಿ ಹುಲ್ಲು ಬೂಷ್ಟು ಹಿಡಿದರೆ ಏನು ಗತಿ ಎಂದು ಬಲ್ಲ ಘಟ್ಟದ ಮೇಲಿನ ನಮ್ಮವರಿಗೆ ಆ ರೈತನ ಸಂಕಟ ವಿವರಿಸಬೇಕಾಗಿಲ್ಲ. ಆ ಮೇವಿನಲ್ಲಿದ್ದ ವಸ್ತುವನ್ನು ಬೇರ್ಪಡಿಸಲು ಲಿಂಕ್ ತಂಡ ಆರು ವರ್ಷ ದುಡಿದು 1939ರಲ್ಲಿ ಡೈಕುಮರಾಲ್ ಅನ್ನು ಹರಳಾಗಿ ಪಡೆಯಿತು. ಅದರ ಬಳಗದಲ್ಲಿ ಹುಟ್ಟಿದ ವಾರ್ಫರಿನ್ 1948ರಲ್ಲಿ ಇಲಿಪಾಷಾಣವಾಗಿ ಮಾರುಕಟ್ಟೆಗೆ ಬಂದು, 1954ರಲ್ಲಿ ಮನುಷ್ಯರ ಔಷಧವೂ ಆಯಿತು. ಮರುವರ್ಷ ಹೃದಯಾಘಾತವಾದ ಅಧ್ಯಕ್ಷ ಐಸೆನ್‌ಹೋವರ್ ಅವರಿಗೂ ಅದನ್ನು ಕೊಟ್ಟರು. ಹೃದಯಕ್ಕೆ ಲೋಹದ ಕವಾಟ ಹಾಕಿಸಿಕೊಂಡವರು ಇವತ್ತಿಗೂ ಆ ಮಾತ್ರೆ ನುಂಗುತ್ತ, ರಕ್ತ ಎಷ್ಟು ತೆಳುವಾಗಿದೆಯೆಂದು ಆಗಾಗ ಪರೀಕ್ಷೆ ಮಾಡಿಸಿಕೊಳ್ಳುತ್ತ ಇರುತ್ತಾರೆ. ಒಬ್ಬ ರೈತ ಹೊತ್ತು ತಂದ ಹುಲ್ಲಿನ ಹೊರೆಯನ್ನು ಆರು ವರ್ಷ ಕೈಬಿಡದೆ ಹಿಡಿದ ಆ ತಂಡದ ಬಗ್ಗೆ ನನಗೆ ಇರುವ ಗೌರವ ಹೇಳತೀರದು.

ಪ್ರಶ್ನೆ: ನೀವು ಹೆಸರಿಸುವವರು ಬಹುತೇಕ ಗಂಡಸರೇ. ಆ ಊರಿನಲ್ಲಿ ಹೆಂಗಸರು ಏನೂ ಮಾಡಲಿಲ್ಲವೇ?
(ಒಬ್ಬ ಶಿಕ್ಷಕಿ, ಕುಮಟಾ)

ಉತ್ತರ: ಮಾಡಿದರು, ಆದರೆ ಹೆಸರು ಹಿಂದೆ ಉಳಿಯಿತು. ಮೇಲೆ ಹೇಳಿದ ಮಾರ್ಗರೀಟ್ ಡೇವಿಸ್ ಇಲಿಗಳ ಆರೈಕೆಯನ್ನೂ ಪ್ರಯೋಗವನ್ನೂ ಆರಂಭದಲ್ಲಿ ಸಂಬಳವಿಲ್ಲದೆ ನಡೆಸಿದವರು. ಇನ್ನೂ ನೋವಿನ ಉದಾಹರಣೆ ಎಸ್ತರ್ ಲೆಡರ್‌ಬರ್ಗ್ ಅವರದು. ಪತಿ ಜೋಶುವಾ ಲೆಡರ್‌ಬರ್ಗ್ 1947ರಲ್ಲಿ ಇಪ್ಪತ್ತೆರಡನೆಯ ವಯಸ್ಸಿಗೆ ಮ್ಯಾಡಿಸನ್‌ನಲ್ಲಿ ಅಧ್ಯಾಪಕರಾದರು. ಎಸ್ತರ್ ಅಲ್ಲಿಯೇ 1950ರಲ್ಲಿ ಡಾಕ್ಟರೇಟ್ ಪಡೆದರು. ಬ್ಯಾಕ್ಟೀರಿಯಾದೊಳಗೆ ಸದ್ದಿಲ್ಲದೆ ಅಡಗಿ ಕೂರುವ ಲ್ಯಾಂಬ್ಡಾ ವೈರಸ್ಸನ್ನು ಕಂಡುಹಿಡಿದವರು ಅವರು. ಅರ್ಧ ಶತಮಾನದ ಜೀವವಿಜ್ಞಾನ ಅದನ್ನು ನೆಚ್ಚಿಕೊಂಡು ಬೆಳೆಯಿತು. 1952ರಲ್ಲಿ ದಂಪತಿ ಪ್ರಕಟಿಸಿದ ಇನ್ನೊಂದು ಉಪಾಯವಂತೂ ಯಾರೂ ಮೆಚ್ಚುವಂಥದು. ತಟ್ಟೆಯಲ್ಲಿ ಬೆಳೆದ ಬ್ಯಾಕ್ಟೀರಿಯಾದ ನೂರಾರು ಚುಕ್ಕೆಗಳ ಮೇಲೆ ವೆಲ್ವೆಟ್ ಬಟ್ಟೆಯನ್ನು ಒತ್ತಿ, ಅದೇ ಬಟ್ಟೆಯನ್ನು ಕಚೇರಿಯ ಮೊಹರಿನಂತೆ ಬೇರೆ ಬೇರೆ ತಟ್ಟೆಗಳ ಮೇಲೆ ಒತ್ತಿದರೆ, ಪ್ರತಿ ಚುಕ್ಕೆಯೂ ತನ್ನ ತನ್ನ ಜಾಗದಲ್ಲಿಯೇ ಮರುಹುಟ್ಟು ಪಡೆಯುತ್ತದೆ. ಹೊಸ ತಟ್ಟೆಯಲ್ಲಿ ಪೆನಿಸಿಲಿನ್ ಇದ್ದರೆ ಯಾವ ಜಾಗದ್ದು ಬದುಕಿತು, ಯಾವುದು ಸತ್ತಿತು ಎಂಬುದು ಕಣ್ಣಿಗೇ ಕಾಣುತ್ತದೆ. ಔಷಧ ತಗುಲುವ ಮೊದಲೇ ಅದನ್ನು ತಡೆಯುವ ಗುಣ ಕೆಲವು ಬ್ಯಾಕ್ಟೀರಿಯಾಗಳಲ್ಲಿ ಇರುತ್ತದೆಂದು ಹೀಗೆ ಸಿದ್ಧವಾಯಿತು. 1958ರ ನೊಬೆಲ್ ಜೋಶುವಾ ಅವರಿಗೆ ಬಂತು, ಎಸ್ತರ್ ಅವರಿಗೆ ಬರಲಿಲ್ಲ. ಅದು ಅನ್ಯಾಯವೆಂದೇ ನನ್ನ ಭಾವನೆ.

ವಿಜ್ಞಾನದ ಹೊರಗೆ ಗೆರ್ಡಾ ಲರ್ನರ್ ಅವರನ್ನು ನೆನೆಯಬೇಕು. ವಿಯೆನ್ನಾದಲ್ಲಿ ಹುಟ್ಟಿ, ಹದಿಹರೆಯದಲ್ಲಿಯೇ ನಾಜಿಗಳ ಸೆರೆಮನೆ ಕಂಡು ಅಮೆರಿಕ ಸೇರಿದ ಅವರು, 1980ರಲ್ಲಿ ಮ್ಯಾಡಿಸನ್‌ಗೆ ಬಂದು ಮಹಿಳೆಯರ ಇತಿಹಾಸದಲ್ಲಿ ಡಾಕ್ಟರೇಟ್ ವ್ಯಾಸಂಗವನ್ನು ಕಟ್ಟಿದರು ಮತ್ತು 2013ರಲ್ಲಿ ಅದೇ ಊರಿನಲ್ಲಿ ತೀರಿಕೊಂಡರು.

ಪ್ರಶ್ನೆ: ಕಾಡಿನ ಬಗ್ಗೆ ಕೆಲಸ ಮಾಡಿದ ಆಲ್ಡೊ ಲಿಯೊಪೋಲ್ಡ್ ಮ್ಯಾಡಿಸನ್‌ನವರೇ?
(ಅರಣ್ಯಶಾಸ್ತ್ರದ ವಿದ್ಯಾರ್ಥಿ, ಯಲ್ಲಾಪುರ)

ಉತ್ತರ: ಹುಟ್ಟಿದ್ದು ಅಯೋವಾ ರಾಜ್ಯದಲ್ಲಿ, 1887ರಲ್ಲಿ. ಬಾಳಿದ್ದು ಮ್ಯಾಡಿಸನ್‌ನಲ್ಲಿ. ನೈಋತ್ಯದ ಒಣಕಾಡುಗಳಲ್ಲಿ ಅರಣ್ಯಾಧಿಕಾರಿಯಾಗಿದ್ದ ಅವರನ್ನು 1924ರಲ್ಲಿ ಮರದ ಉತ್ಪನ್ನಗಳ ಸರಕಾರಿ ಪ್ರಯೋಗಾಲಯಕ್ಕೆ ವರ್ಗ ಮಾಡಿದರು. ನಿಂತ ಮರವನ್ನು ಪ್ರೀತಿಸುವವರಿಗೆ ಕಡಿದ ಮರದ ಕೆಲಸ ಒಗ್ಗಲಿಲ್ಲ. 1933ರಲ್ಲಿ ವಿಶ್ವವಿದ್ಯಾಲಯ ಅವರಿಗಾಗಿ ವನ್ಯಜೀವಿ ನಿರ್ವಹಣೆಯ ಪ್ರಾಧ್ಯಾಪಕ ಹುದ್ದೆಯನ್ನು ತೆರೆಯಿತು, ಅಮೆರಿಕದಲ್ಲಿ ಅಂಥದು ಮೊದಲನೆಯದು. 1935ರಲ್ಲಿ ಅವರು ವಿಸ್ಕಾನ್ಸಿನ್ ನದಿಯ ಪಕ್ಕ, ಬೆಳೆ ತೆಗೆದು ತೆಗೆದು ಬರಡಾಗಿದ್ದ ಜಮೀನೊಂದನ್ನು ಕೊಂಡರು. ಅಲ್ಲಿ ನಿಂತಿದ್ದದ್ದು ಹಳೆಯ ಕೋಳಿಗೂಡು ಮಾತ್ರ. ಅದನ್ನೇ ರಿಪೇರಿ ಮಾಡಿಕೊಂಡು, ಹೆಂಡತಿ ಮತ್ತು ಐವರು ಮಕ್ಕಳ ಜೊತೆ ವಾರದ ಕೊನೆಗೆ ಅಲ್ಲಿಗೆ ಹೋಗಿ, ಪ್ರತಿ ವಸಂತದಲ್ಲಿಯೂ ಪೈನ್ ಸಸಿಗಳನ್ನು ಸಾವಿರಗಟ್ಟಲೆ ನೆಟ್ಟರು. ಮೊದಲ ವರ್ಷಗಳ ಬರದಲ್ಲಿ ಬಹುಪಾಲು ಒಣಗಿದವು, ಮತ್ತೆ ನೆಟ್ಟರು. ನಸುಕಿನಲ್ಲಿ ಕಾಫಿಯ ಪಾತ್ರೆಯನ್ನೂ ಟಿಪ್ಪಣಿ ಪುಸ್ತಕವನ್ನೂ ಹಿಡಿದು ಹೊರಗೆ ಕೂತು, ಎಷ್ಟು ಬೆಳಕಾದಾಗ ಯಾವ ಹಕ್ಕಿ ಮೊದಲು ಕೂಗಿತೆಂದು ಬೆಳಕು ಅಳೆಯುವ ಉಪಕರಣ ಇಟ್ಟುಕೊಂಡು ಬರೆದಿಡುತ್ತಿದ್ದರು. 1948ರ ಏಪ್ರಿಲ್ 21ರಂದು ಪಕ್ಕದವರ ಹುಲ್ಲಿಗೆ ಹತ್ತಿದ ಬೆಂಕಿಯನ್ನು ಆರಿಸುವಾಗ ಹೃದಯಾಘಾತವಾಗಿ ತೀರಿಕೊಂಡರು. ನೆಲ, ನೀರು, ಗಿಡ, ಪ್ರಾಣಿ ಎಲ್ಲವೂ ಮನುಷ್ಯನ ಸಮುದಾಯಕ್ಕೆ ಸೇರಿದವು ಎಂದು ವಾದಿಸುವ ಅವರ ಪುಸ್ತಕ ಮರುವರ್ಷ ಹೊರಬಂತು. 1983ರಲ್ಲಿ ಸಾಲ್ಕಣಿಯ ಜನ ಮರಗಳನ್ನು ಅಪ್ಪಿಕೊಂಡು ನಿಂತದ್ದನ್ನು ಬಲ್ಲ, ಸೊಪ್ಪಿನ ಬೆಟ್ಟವಿಲ್ಲದೆ ಅಡಿಕೆ ತೋಟವಿಲ್ಲವೆಂದು ಅರಿತ ನಮ್ಮ ಜಿಲ್ಲೆಯ ವಿದ್ಯಾರ್ಥಿಗಳು ಆ ಬರಹಗಳನ್ನು ಓದಬೇಕೆಂಬುದು ನನ್ನ ಕಳಕಳಿಯ ಆಸೆ.

ಪ್ರಶ್ನೆ: ಇಲ್ಲಿನ ಟಿಬೆಟನ್ ಕ್ಯಾಂಪಿಗೂ ಮ್ಯಾಡಿಸನ್‌ಗೂ ನಂಟಿದೆ ಎಂದು ಒಬ್ಬ ಲಾಮಾ ಹೇಳಿದರು. ನಿಜವೇ?
(ಒಬ್ಬ ವ್ಯಾಪಾರಿ, ಮುಂಡಗೋಡ)

ಉತ್ತರ: ವಿದ್ಯೆಯ ನಂಟು ಇದೆ. 1966ರಲ್ಲಿ ಮುಂಡಗೋಡದಲ್ಲಿ ವಸಾಹತು ಆರಂಭವಾಗಿ, ಟಿಬೆಟಿನ ಡ್ರೆಪುಂಗ್ ಮತ್ತು ಗಾಂದೆನ್ ಮಠಗಳು ಅಲ್ಲಿ ಮರುಹುಟ್ಟು ಪಡೆದವು. ಅದೇ ಪರಂಪರೆಯ ಮೂರನೆಯ ಮಹಾಮಠವಾದ ಸೆರಾ ಬೈಲಕುಪ್ಪೆಯಲ್ಲಿ ನೆಲೆಸಿತು. ಆ ಸೆರಾ ಮಠದ ವಿದ್ವಾಂಸರು ಗೆಶೆ ಲುಂಡುಬ್ ಸೋಪಾ. 1959ರಲ್ಲಿ ದಲೈ ಲಾಮಾ ಅವರು ಗೆಶೆ ಪದವಿಗೆ ಪರೀಕ್ಷೆ ಕೊಟ್ಟಾಗ ವಾದದಲ್ಲಿ ಅವರನ್ನು ಪ್ರಶ್ನಿಸಿದವರಲ್ಲಿ ಸೋಪಾ ಒಬ್ಬರು. ಅಮೆರಿಕಕ್ಕೆ ಹೋದ ಅವರನ್ನು 1967ರಲ್ಲಿ ಮ್ಯಾಡಿಸನ್‌ನ ಬೌದ್ಧ ಅಧ್ಯಯನ ವಿಭಾಗದ ರಿಚರ್ಡ್ ರಾಬಿನ್ಸನ್ ಕರೆಸಿಕೊಂಡರು. ಮೂವತ್ತು ವರ್ಷ ಅಲ್ಲಿ ಪಾಠ ಹೇಳಿ, ಊರಿನ ದಕ್ಷಿಣಕ್ಕೆ ಡಿಯರ್ ಪಾರ್ಕ್ ಎಂಬ ಬೌದ್ಧ ಕೇಂದ್ರವನ್ನು ಕಟ್ಟಿದರು. ಪಶ್ಚಿಮದ ನೆಲದಲ್ಲಿ ಮೊದಲ ಕಾಲಚಕ್ರ ದೀಕ್ಷೆಯನ್ನು ದಲೈ ಲಾಮಾ 1981ರಲ್ಲಿ ಕೊಟ್ಟದ್ದು ಆ ಕೇಂದ್ರದಲ್ಲಿಯೇ. ಗೆಶೆ ಸೋಪಾ 2014ರಲ್ಲಿ ತೀರಿಕೊಂಡರು.

ಪ್ರಶ್ನೆ: ಟ್ರಾನ್ಸಿಸ್ಟರ್ ಕಂಡುಹಿಡಿದ ಜಾನ್ ಬಾರ್ಡೀನ್, ವಿಮಾನ ಹಾರಿಸಿದ ಲಿಂಡ್‌ಬರ್ಗ್, ವಾಸ್ತುಶಿಲ್ಪಿ ಫ್ರಾಂಕ್ ಲಾಯ್ಡ್ ರೈಟ್ ಇವರೂ ಅದೇ ಊರಿನವರೆಂದು ಓದಿದೆ. ಸರಿಯೇ?
(ಒಬ್ಬ ನಿವೃತ್ತ ನೌಕರರು, ಕಾರವಾರ)

ಉತ್ತರ: ಒಂದು ಊರಿನ ಹಿರಿಯರೆಂದು ಕರೆಯಲು ಅಲ್ಲಿ ಹುಟ್ಟಿದ್ದರೆ ಸಾಲದು, ಅಲ್ಲಿ ದುಡಿದಿರಬೇಕು ಎಂಬುದು ನನ್ನ ಅಳತೆ. ಭೌತವಿಜ್ಞಾನದಲ್ಲಿ ಎರಡು ಸಲ ನೊಬೆಲ್ ಪಡೆದ ಏಕೈಕ ವ್ಯಕ್ತಿಯಾದ ಬಾರ್ಡೀನ್ 1908ರಲ್ಲಿ ಮ್ಯಾಡಿಸನ್‌ನಲ್ಲಿಯೇ ಹುಟ್ಟಿ ಅಲ್ಲಿಯೇ ಎಂಜಿನಿಯರಿಂಗ್ ಓದಿದರು. ಬಹುಮಾನ ತಂದ ಕೆಲಸಗಳು ಬೇರೆ ಊರುಗಳಲ್ಲಿ ನಡೆದವು. ಲಿಂಡ್‌ಬರ್ಗ್ 1920ರಿಂದ 1922ರ ವರೆಗೆ ವಿದ್ಯಾರ್ಥಿಯಾಗಿದ್ದು, ಓದು ಅರ್ಧಕ್ಕೆ ಬಿಟ್ಟು ವಿಮಾನ ಕಲಿಯಲು ಹೋದರು. ರೈಟ್ ಅವರ ಮಾತು ಬೇರೆ. ಬಾಲ್ಯದ ಕೆಲವು ವರ್ಷಗಳನ್ನು ಅಲ್ಲಿ ಕಳೆದು, ವಿಶ್ವವಿದ್ಯಾಲಯವನ್ನು ಪದವಿಯಿಲ್ಲದೆ ಬಿಟ್ಟ ಅವರು ಆ ಊರಿಗೆ ಕೊನೆಯವರೆಗೂ ಕಟ್ಟಡಗಳನ್ನು ಕೊಡುತ್ತಲೇ ಹೋದರು. ಸಾಮಾನ್ಯ ಸಂಬಳದವರೂ ಕಟ್ಟಿಸಬಹುದಾದಂಥ ಮನೆಯೆಂದು 1937ರಲ್ಲಿ ಪತ್ರಕರ್ತರೊಬ್ಬರಿಗೆ ಅವರು ಕಟ್ಟಿಕೊಟ್ಟ ಜೇಕಬ್ಸ್ ಮನೆ 2019ರಲ್ಲಿ ಯುನೆಸ್ಕೋದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಮೊನೋನಾ ಸರೋವರದ ಅಂಚಿನ ಸಭಾಭವನಕ್ಕೆ 1938ರಲ್ಲಿ ಮೊದಲ ನಕ್ಷೆ ಬರೆದರು. ವೆಚ್ಚದ ಜಗಳ, ರಾಜಕೀಯ, ಮತದಾನ ಇವುಗಳಲ್ಲಿ ಅದು ದಶಕಗಟ್ಟಲೆ ಸಿಕ್ಕಿಬಿತ್ತು. 1959ರಲ್ಲಿ ರೈಟ್ ತೀರಿಕೊಂಡ 38 ವರ್ಷಗಳ ಮೇಲೆ, 1997ರಲ್ಲಿ, ಹೊರಮೈಯನ್ನು ಅವರ ನಕ್ಷೆಯಂತೆಯೂ ಒಳಗನ್ನು ಹೊಸ ಕಾಲದ ಅಗತ್ಯಕ್ಕೆ ತಕ್ಕಂತೆಯೂ ಕಟ್ಟಿ ಮೊನೋನಾ ಟೆರೇಸ್ ಎಂಬ ಹೆಸರಿನಲ್ಲಿ ಸಾರ್ವಜನಿಕರಿಗೆ ತೆರೆದರು.